ಇಬ್ಬರು ಶಾರುಖ್, ಜೋರು ವಿಸಿಲ್ ಅಪ್ಪನಿಗೆ

‘ಜವಾನ್’ ನೋಡಿದವರನ್ನ ಯಾವ ಶಾರುಖ್ ಇಷ್ಟ ಆದ ಅಂತ ಕೇಳಿ ನೋಡಿ. ಮಗ ಆಜಾದ್ ಅನ್ನೋರು ಕಮ್ಮಿ. ನೆರೆತ ಕೂದಲು, ಗಡ್ಡ, ಬಾಯಲ್ಲೊಂದು ಸಿಗಾರ್ ಇಟ್ಕೊಂಡು ಬರೋ ಅಪ್ಪ ವಿಕ್ರಮ್ ರಾಠೋಡ್ ಹೆಸರೇ ಮೊದಲು ಬರುತ್ತೆ. ಮಗ ಒಂದಿಡೀ ಮೆಟ್ರೊ ರೈಲನ್ನೇ ಹೈಜಾಕ್ ಮಾಡಿದಾಗ ಬೀಳದಿದ್ದ ವಿಸಿಲ್, ಇಂಟರ್‌ವಲ್ ಹೊತ್ತಿಗೆ ಅಪ್ಪ ಎಂಟ್ರಿ ಕೊಟ್ಟಾಗ ಬಿತ್ತು.

2023ರ ಸೆಪ್ಟೆಂಬರ್‌ನಲ್ಲಿ ಸಿನಿಮಾ ಬಂದಾಗ ಶಾರುಖ್ ಖಾನ್‌ಗೆ 57 ವರ್ಷ. ಕಥೆ ಹೇಳಿದ್ರೆ ನಗು ಬರುತ್ತೆ. ಹೆಂಗಸರ ಜೈಲಿನ ಜೈಲರ್ ಒಬ್ಬ, ಆರು ಜನ ಕೈದಿಗಳನ್ನ ಕಟ್ಟಿಕೊಂಡು ಸರ್ಕಾರಾನ ನಡುಗಿಸ್ತಾನೆ. ಲಾಜಿಕ್ ಹುಡುಕಿದ್ರೆ ಟಿಕೆಟ್ ದುಡ್ಡು ದಂಡ. ಆದರೆ ರೈತರ ಸಾಲ, ಸರ್ಕಾರಿ ಆಸ್ಪತ್ರೆಯಲ್ಲಿ ಸಿಗದ ಆಕ್ಸಿಜನ್ನು, ಗಡಿಯಲ್ಲಿ ಕೈಕೊಟ್ಟ ಬಂದೂಕು ಅಂತ ಸಿಟ್ಟು ಮಾತ್ರ ನಿಜವಾದದ್ದು. ಅಷ್ಟು ದೊಡ್ಡ ಸಿಟ್ಟನ್ನ ಹೊರೋಕೆ ಸ್ವಲ್ಪ ವಯಸ್ಸಾದ ಭುಜವೇ ಬೇಕೇನೋ.

ನಿರ್ದೇಶಕ ಅಟ್ಲಿ ತಮಿಳಿನವರು ಅನ್ನೋದು ಇಲ್ಲಿ ಮುಖ್ಯ. ವಯಸ್ಸನ್ನ ಬಚ್ಚಿಡದೆ ಕಥೆಯೊಳಗೇ ತರೋದನ್ನ ದಕ್ಷಿಣದವರು ಅಷ್ಟೊತ್ತಿಗೆ ಕಲಿತಿದ್ರು. ಹಿಂದಿನ ವರ್ಷ ‘ವಿಕ್ರಮ್’ನಲ್ಲಿ ಕಮಲ್ ಹಾಸನ್ ಮೊಮ್ಮಗನನ್ನ ಎತ್ತಿಕೊಂಡೇ ಫೈಟ್‌ಗಿಳಿದಿದ್ರು. ‘ಜವಾನ್’ಗೆ ತಿಂಗಳು ಮೊದಲು ಬಂದ ‘ಜೈಲರ್’ನಲ್ಲಿ ರಜನಿ ರಿಟೈರ್ ಆದ ತಾತ. (ಅದರಲ್ಲಿ ನಮ್ಮ ಶಿವಣ್ಣ ಬಂದಿದ್ದು ಕೆಲವೇ ನಿಮಿಷ, ಮಾತು ಇನ್ನೂ ಕಮ್ಮಿ. ಆದ್ರೂ ಆ ನಡಿಗೆ!)

ಇದಕ್ಕೆ ಉಲ್ಟಾ ಉದಾಹರಣೆ ಬೇಕಂದ್ರೆ 2025ರ ‘ಸಿಕಂದರ್’ ನೋಡಿ. ಸಲ್ಮಾನ್ ಖಾನ್ ಕೂಡ ಶಾರುಖ್ ಥರ 1965ರಲ್ಲೇ ಹುಟ್ಟಿದವರು. ಜೋಡಿ ನಮ್ಮ ಕೊಡಗಿನ ರಶ್ಮಿಕಾ ಮಂದಣ್ಣ, 1996ರವರು. ಸುಮಾರು ಮೂವತ್ತು ವರ್ಷದ ಅಂತರ. ಆ ಬಗ್ಗೆ ಕೇಳಿದಾಗ, ಹುಡುಗಿಗೂ ಅವರಪ್ಪನಿಗೂ ಇಲ್ಲದ ತೊಂದರೆ ನಿಮಗ್ಯಾಕೆ ಅನ್ನೋ ಅರ್ಥದಲ್ಲಿ ಸಲ್ಮಾನ್ ತಮಾಷೆ ಮಾಡಿದ್ರು. ತೊಂದರೆ ಇದ್ದಿದ್ದು ನೋಡೋರಿಗೆ. ಸಿನಿಮಾ ಮಕಾಡೆ ಮಲಗಿತು.

ಹಾಗಂತ ಇವರನ್ನ ಮನೆಗೆ ಕಳಿಸೋಕೂ ಆಗಲ್ಲ. ‘ಪಠಾಣ್’ ಕೊನೆಯಲ್ಲಿ ಇದೇ ಇಬ್ಬರು ಖಾನ್‌ಗಳು ನೋವಿನ ಮಾತ್ರೆ ಹಂಚಿಕೊಂಡು, ನಮ್ಮ ನಂತರ ಯಾರು ಅಂತ ಲೆಕ್ಕ ಹಾಕ್ತಾರೆ. ಯಾರೂ ಸಿಗಲ್ಲ, ನಾವೇ ಮಾಡ್ಬೇಕು ಅಂತ ಏಳ್ತಾರೆ. ಆಫೀಸಲ್ಲಿ ಹದಿನೈದು ವರ್ಷದ ಹಳೇ ಸಾಫ್ಟ್‌ವೇರನ್ನ ಯಾಕೆ ತೆಗೆಯಲ್ಲ ಅಂದ್ರೆ ಬರೋ ಉತ್ತರವೇ ಇಲ್ಲೂ: ದುಡ್ಡು ಬರ್ತಿರೋದೇ ಅದರಿಂದ. ನೂರಾರು ಕೋಟಿ ಹಾಕೋನಿಗೆ ಮೊದಲ ಶುಕ್ರವಾರ ಥಿಯೇಟರ್ ತುಂಬಿಸೋ ಹೆಸರು ಬೇಕು.

ನನಗೆ ಸರಿಬೀಳದಿರೋದು ಬೇರೆ. ಬೆಂಗಳೂರಲ್ಲಿ ಬೆಳೆದ ದೀಪಿಕಾ ಪಡುಕೋಣೆ 2007ರಲ್ಲಿ ‘ಓಂ ಶಾಂತಿ ಓಂ’ನಲ್ಲಿ ಶಾರುಖ್‌ಗೆ ನಾಯಕಿ. ‘ಜವಾನ್’ನಲ್ಲಿ 37ರ ದೀಪಿಕಾ ಒಬ್ಬ ಶಾರುಖ್‌ಗೆ ಹೆಂಡತಿ, ಇನ್ನೊಬ್ಬ ಶಾರುಖ್‌ಗೆ ಅಮ್ಮ! ಚೆನ್ನಾಗೇ ಮಾಡಿದ್ದಾರೆ, ಅದು ಬೇರೆ ಮಾತು. ಅಪ್ಪ ನರೆಗೂದಲಲ್ಲಿ ವಾಪಸ್ ಬಂದು ಫೈಟ್ ಮಾಡ್ತಾನೆ. ಅಮ್ಮ ಹರೆಯದಲ್ಲೇ ಗಲ್ಲಿಗೇರಿ ಫ್ಲ್ಯಾಶ್‌ಬ್ಯಾಕಲ್ಲೇ ಉಳೀತಾಳೆ.

ಆರು ಹೆಂಗಸರ ಆ ಗ್ಯಾಂಗ್‌ನಲ್ಲಿ ಬೆಂಗಳೂರಿನವರೇ ಆದ ಪ್ರಿಯಾಮಣಿ ಇದ್ದಾರೆ. ‘ಜವಾನ್’ ಪಾತ್ರಕ್ಕೆ ಶಾರುಖ್‌ಗೆ ಅತ್ಯುತ್ತಮ ನಟ ರಾಷ್ಟ್ರಪ್ರಶಸ್ತಿ ಬಂತು, ಅವರ ವೃತ್ತಿಯಲ್ಲೇ ಮೊದಲನೆಯದು, ಅದೂ ‘ಟ್ವೆಲ್ತ್ ಫೇಲ್’ನ ವಿಕ್ರಾಂತ್ ಮಾಸಿ ಜೊತೆ ಹಂಚಿಕೊಂಡು. ಪ್ರಿಯಾಮಣಿ ತಮಿಳಿನ ‘ಪರುತ್ತಿವೀರನ್’ಗೆ ಅತ್ಯುತ್ತಮ ನಟಿ ರಾಷ್ಟ್ರಪ್ರಶಸ್ತಿ ತಗೊಂಡು ಆಗಲೇ ಎಷ್ಟೋ ವರ್ಷ ಆಗಿತ್ತು. ಒಟಿಟಿಯಲ್ಲಿ ಇನ್ನೊಮ್ಮೆ ಹಾಕಿದ್ರೆ, ಹೀರೊ ಹಿಂದೆ ಗನ್ ಹಿಡಿದು ನಿಂತಿರೋ ಅವರನ್ನ ಒಮ್ಮೆ ನೋಡಿ.