ದೂರದ ಯಂತ್ರವೂ ಮನೆಯ ತೆರೆಗಳೂ

2020ನೆಯ ಇಸವಿಯ ಮಾರ್ಚ್ ತಿಂಗಳಲ್ಲಿ ಸಾಂಕ್ರಾಮಿಕ ರೋಗದ ದೆಸೆಯಿಂದ ದೇಶದಲ್ಲೆಲ್ಲ ಜನಸಂಚಾರವು ನಿಂತಂದಿನಿಂದ, ಕಛೇರಿಯ ಕೆಲಸವು ಅನೇಕ ಗೃಹಸ್ಥರ ನಡುಮನೆಯನ್ನೇ ಪ್ರವೇಶಿಸಿತು. ಅದರೊಡನೆ ಮೇಜಿನ ಮೇಲೆ ಒಂದಕ್ಕೆರಡು, ಎರಡಕ್ಕೆ ಮೂರು ತೆರೆಗಳೂ ಬಂದು ನಿಂತುವು. ಕಛೇರಿಯ ಗಣಕಯಂತ್ರವನ್ನು ಮನೆಯಿಂದಲೇ ನಡೆಯಿಸುವ ‘ರಿಮೋಟ್ ಡೆಸ್ಕ್‌ಟಾಪ್’ ಎಂಬ ಸಾಧನವನ್ನು ಈ ತೆರೆಗಳ ಮೇಲೆ ಹೇಗೆ ಹರಡಬೇಕೆಂಬುದನ್ನು ಈ ಸಂಚಿಕೆಯಲ್ಲಿ ವಿಚಾರಿಸುವೆವು.

ಮೊದಲು ಇದರ ಮರ್ಮವನ್ನು ತಿಳಿಯುವುದು ಒಳ್ಳೆಯದು. ಕೆಲಸವೆಲ್ಲ ದೂರದ ಯಂತ್ರದಲ್ಲಿಯೇ ನಡೆಯುವುದು. ನಮ್ಮ ಕೀಲಿಮಣೆಯ ಒತ್ತುಗಳೂ ಮೌಸಿನ ಚಲನೆಯೂ ಅಲ್ಲಿಗೆ ಹೋಗಿ, ಅಲ್ಲಿಯ ಚಿತ್ರವು ಇಲ್ಲಿಗೆ ಬರುವುದು. ವಿಂಡೋಸ್ ವಿಸ್ಟಾ ಇದ್ದ ಕಾಲದಲ್ಲಿ, ಎರಡು ತೆರೆಗಳನ್ನು ಕೂಡಿಸಿ ಒಂದೇ ಅಗಲವಾದ ತೆರೆಯೆಂದು ಭಾವಿಸುವ ‘ಸ್ಪ್ಯಾನ್’ ಕ್ರಮವು ಮಾತ್ರವೇ ಇದ್ದಿತು. ಆಗ ಕಿಟಕಿಯೊಂದನ್ನು ಪೂರ್ಣವಾಗಿ ಹಿಗ್ಗಿಸಿದರೆ ಅದು ಎರಡನ್ನೂ ಆವರಿಸುತ್ತಿದ್ದಿತು. ಮಧ್ಯದಲ್ಲಿ ಮೂಡುವ ಸೂಚನೆಯು ತೆರೆಗಳ ಸಂದಿನಲ್ಲಿ ಇಬ್ಭಾಗವಾಗುತ್ತಿದ್ದಿತು. 2009ರಲ್ಲಿ ವಿಂಡೋಸ್ 7 ಬಂದ ಬಳಿಕ, ಪ್ರತಿಯೊಂದು ತೆರೆಯನ್ನೂ ಪ್ರತ್ಯೇಕವಾಗಿ ಎಣಿಸುವ ಕ್ರಮವು ಏರ್ಪಟ್ಟಿತು; 16 ತೆರೆಗಳವರೆಗೆ ಇದಕ್ಕೆ ಅವಕಾಶವುಂಟು.

ವಿಂಡೋಸಿನ ‘ರಿಮೋಟ್ ಡೆಸ್ಕ್‌ಟಾಪ್ ಕನೆಕ್ಷನ್’ ಅನ್ನು ತೆರೆದು, ‘ಶೋ ಆಪ್ಷನ್ಸ್’ ಒತ್ತಿ, ‘ಡಿಸ್‌ಪ್ಲೇ’ ಪುಟದಲ್ಲಿ ಎಲ್ಲಾ ಮಾನಿಟರುಗಳನ್ನೂ ಬಳಸೆಂಬ ಕಡೆ ಗುರುತು ಹಾಕಿದರೆ, ತೆರೆಗಳೆಲ್ಲ ಕಛೇರಿಯ ವಶವಾಗುವುವು. ಇದು ಸುಲಭವೇನೋ ಸರಿ. ಆದರೆ ಗೃಹಸ್ಥರಿಗೆ ಇದು ಹಿತವಲ್ಲವೆಂದು ನಮ್ಮ ಅಭಿಪ್ರಾಯ.

ಕಾರಣವನ್ನು ಹೇಳುವೆವು. ಮನೆಯ ಯಂತ್ರಕ್ಕೆ ಒಂದು ತೆರೆಯೂ ಉಳಿಯದಿದ್ದಾಗ, ಮಗುವಿನ ಶಾಲೆಯ ಪತ್ರವನ್ನು ನೋಡುವುದಕ್ಕೂ ಕಛೇರಿಯನ್ನು ಪೂರ್ತಿ ಕೆಳಗಿಳಿಸಬೇಕಾಗುವುದು. ಇದರಿಂದ ಬೇಸತ್ತವರು ಬ್ಯಾಂಕಿನ ಲೆಕ್ಕವನ್ನೂ ವೈದ್ಯರ ವರದಿಯನ್ನೂ ಕಛೇರಿಯ ಯಂತ್ರದಲ್ಲಿಯೇ ತೆರೆದುಬಿಡುವುದುಂಟು. ತೆರೆಯು ನಮ್ಮ ಮೇಜಿನ ಮೇಲಿದ್ದರೂ ಯಂತ್ರವು ಪರರದು. ಅಲ್ಲಿ ತೆರೆದ ಕಡತದ ಗುರುತು ಅಲ್ಲಿಯೇ ಉಳಿಯಬಹುದು; ಅದನ್ನು ಪರಿಶೀಲಿಸುವ ಶಕ್ತಿ ಕಛೇರಿಯವರಿಗಿರುವುದು. ಸಂಸಾರದ ಗುಟ್ಟು ಹೀಗೆ ಯಾರೂ ಕದಿಯದೆಯೇ ಹೊರಗೆ ಹೋಗುವುದು.

ಇದಕ್ಕೆ ಪರಿಹಾರವು ಕಷ್ಟವಾದುದಲ್ಲ. ಎರಡೇ ತೆರೆಗಳುಳ್ಳವರು ಮೇಲೆ ಹೇಳಿದ ಗುರುತನ್ನು ತೆಗೆದರೆ ಸಾಕು. ಒಂದು ಕಛೇರಿಗೆ, ಇನ್ನೊಂದು ಮನೆಗೆ. ಮೂರುಳ್ಳವರು ಗುರುತನ್ನಿಟ್ಟುಕೊಂಡೇ, ‘ಜನರಲ್’ ಪುಟದ ‘ಸೇವ್ ಆ್ಯಸ್’ ಎಂಬುದರಿಂದ ಈ ಏರ್ಪಾಟನ್ನು ಕಡತವಾಗಿ ಉಳಿಸಿಕೊಳ್ಳಬೇಕು. ಬಳಿಕ ವಿಂಡೋಸಿನ ‘ರನ್’ ಪೆಟ್ಟಿಗೆಯಲ್ಲಿ ‘ಎಂಎಸ್‌ಟಿಎಸ್‌ಸಿ /ಎಲ್’ ಎಂದು ಇಂಗ್ಲಿಷ್ ಅಕ್ಷರಗಳಲ್ಲಿ ಬರೆದರೆ, ತೆರೆಗಳ ಸಂಖ್ಯೆಗಳು ಕಾಣುವುವು. ಕಡತವನ್ನು ನೋಟ್‌ಪ್ಯಾಡಿನಲ್ಲಿ ತೆರೆದು, ಕೊನೆಯಲ್ಲಿ ‘ಸೆಲೆಕ್ಟೆಡ್‌ಮಾನಿಟರ್ಸ್:ಎಸ್:0,1’ ಎಂಬ ಪಂಕ್ತಿಯನ್ನು ಇಂಗ್ಲಿಷ್ ಅಕ್ಷರಗಳಲ್ಲಿ, ನಡುವೆ ತೆರಪಿಲ್ಲದಂತೆ ಸೇರಿಸತಕ್ಕದ್ದು. 0 ಮತ್ತು 1ರ ಸ್ಥಾನದಲ್ಲಿ ತಮಗೆ ಬೇಕಾದ ಸಂಖ್ಯೆಗಳನ್ನು ಬರೆಯಬೇಕು. ಆ ತೆರೆಗಳು ಒಂದಕ್ಕೊಂದು ಹೊಂದಿಕೊಂಡಿರಬೇಕು. ತಂತಿಗಳನ್ನು ಕಿತ್ತು ಮತ್ತೆ ಜೋಡಿಸಿದಾಗ ಸಂಖ್ಯೆಗಳು ಬದಲಾಗಬಹುದಾದುದರಿಂದ, ಆಗ ಪುನಃ ನೋಡಿಕೊಳ್ಳುವುದು ಲೇಸು.

ಇನ್ನೊಂದು ಎಚ್ಚರಿಕೆ. ‘ಲೋಕಲ್ ರಿಸೋರ್ಸಸ್’ ಪುಟದಲ್ಲಿ ‘ಕ್ಲಿಪ್‌ಬೋರ್ಡ್’ ಎಂಬುದಕ್ಕೆ ಗುರುತಿದ್ದರೆ, ಇಲ್ಲಿ ನಕಲಿಸಿದ ಮಾತು ಅಲ್ಲಿಗೂ ಸಲ್ಲುವುದು. ಮನೆಯ ಗುಪ್ತಪದವನ್ನು ನಕಲಿಸುವ ಅಭ್ಯಾಸವುಳ್ಳವರು ಅವಶ್ಯವಿಲ್ಲದಾಗ ಈ ಗುರುತನ್ನು ತೆಗೆದಿಡುವುದು ಕ್ಷೇಮ.

ಮನೆಗೆ ಉಳಿಸಿದ ತೆರೆಯನ್ನು ಮೇಜಿನ ಒಂದೇ ಪಕ್ಕದಲ್ಲಿ ಯಾವಾಗಲೂ ಇಡುವುದು ಉಚಿತ. ಕೆಲವು ದಿನಗಳಲ್ಲಿ ಕೈಗೂ ಕಣ್ಣಿಗೂ ಅದು ರೂಢಿಯಾಗಿ, ಯಾವುದು ನಮ್ಮ ಯಂತ್ರ, ಯಾವುದು ಪರರದೆಂಬ ಭ್ರಾಂತಿಯು ತಪ್ಪುವುದು. ಸಂಬಳ ಕೊಡುವವರಿಗೆ ಎರಡು ತೆರೆಗಳನ್ನು ಧಾರಾಳವಾಗಿ ಬಿಟ್ಟುಕೊಡೋಣ. ಸಂಸಾರಕ್ಕೆ ಒಂದಾದರೂ ಮೀಸಲಾಗಿರಲಿ.