ಹಿಮ ಚಿರತೆಯ ಲೆಕ್ಕ, ಯಾಕ್‌ನ ನಷ್ಟ

ಹಿಮಾಚಲ ಪ್ರದೇಶದಲ್ಲಿ ಹಿಮ ಚಿರತೆಗಳ ಸಂಖ್ಯೆ 51ರಿಂದ 83ಕ್ಕೆ ಏರಿದೆ ಎಂದು 2025ರ ಸಮೀಕ್ಷೆ ಹೇಳಿತು. ಕ್ಯಾಮೆರಾಗೆ ಸಿಕ್ಕ ಚಿತ್ರಗಳಿಂದ ಕಟ್ಟಿದ ಅಂದಾಜು ಇದು, ತಲೆ ಎಣಿಸಿದ ಲೆಕ್ಕವಲ್ಲ. ಆ ಕೆಲಸದಲ್ಲಿ ಸ್ಪಿತಿ ಕಣಿವೆಯ ಕಿಬ್ಬರ್ ಊರಿನ ಹೆಂಗಸರೂ ಕೈಜೋಡಿಸಿದ್ದರು ಎಂಬುದು ನನಗೆ ಅಂಕಿಗಿಂತ ದೊಡ್ಡ ಸುದ್ದಿ.

ಸ್ಪಿತಿ ಮಳೆನೆರಳಿನ ನಾಡು. ಸುಮಾರು 4,200 ಮೀಟರ್ ಎತ್ತರದ ಕಿಬ್ಬರ್ ಸುತ್ತ ಕಾಡೆಂಬುದೇ ಇಲ್ಲ. ಬೋಳು ಗುಡ್ಡ, ಕಡಿದಾದ ಕಂದರ, ಬೇಸಿಗೆಯಲ್ಲಿ ಒಂದಿಷ್ಟು ಹುಲ್ಲು. ಆ ಹುಲ್ಲನ್ನೇ ಊರಿನ ಯಾಕ್, ಕುದುರೆ, ಆಡುಗಳೂ ಭರಲ್ ಎಂಬ ನೀಲಿ ಕುರಿಗಳೂ ಹಂಚಿಕೊಳ್ಳಬೇಕು. ಭರಲ್ ಕಡಿಮೆಯಾದಷ್ಟೂ ಹಿಮ ಚಿರತೆಯ ಕಣ್ಣು ಕೊಟ್ಟಿಗೆಯತ್ತ ಹೊರಳುತ್ತದೆ. ಅಭಯಾರಣ್ಯದ ಗೆರೆ ನಕ್ಷೆಯಲ್ಲಿದೆ, ನಿಜ. ಆದರೆ ಚಿರತೆ ಉಳಿಯಬೇಕೇ ಬೇಡವೇ ಎಂಬುದು ತೀರ್ಮಾನವಾಗುವುದು ಊರಿನ ಗೋಮಾಳದಲ್ಲಿ.

ಇದನ್ನು ಮೊದಲೇ ಗ್ರಹಿಸಿದವರಲ್ಲಿ ನಮ್ಮ ಮೈಸೂರಿನ ನೇಚರ್ ಕನ್ಸರ್ವೇಷನ್ ಫೌಂಡೇಷನ್ ಒಂದು. ಕಿಬ್ಬರ್ ಜನರೊಂದಿಗೆ ಮಾತನಾಡಿ, ಹುಲ್ಲುಗಾವಲಿನ ಒಂದು ಭಾಗವನ್ನು ಜಾನುವಾರು ಮೇಯಿಸದೆ ಬಿಡುವಂತೆ ಒಪ್ಪಂದ ಮಾಡಿಕೊಂಡಿತು. ಅಲ್ಲಿ ಭರಲ್‌ಗಳು ಹೆಚ್ಚಿದವು. 2002ರಲ್ಲಿ ಜಾನುವಾರು ವಿಮೆಯೂ ಬಂತು. ಕಂತು ಕಟ್ಟುವವರು ಊರಿನವರೇ, ಸತ್ತ ಯಾಕ್‌ಗೆ ಎಷ್ಟು ಕೊಡಬೇಕೆಂದು ನಿರ್ಧರಿಸುವವರೂ ಅವರೇ. ಸುಳ್ಳು ಹೇಳಿ ಹಣ ಪಡೆಯುವುದು ಸುಲಭವಲ್ಲ: ಯಾರ ಯಾಕ್ ಹೇಗೆ ಸತ್ತಿತೆಂದು ಅಷ್ಟು ಚಿಕ್ಕ ಊರಿನಲ್ಲಿ ಎಲ್ಲರಿಗೂ ಗೊತ್ತು. ಪರಿಹಾರಕ್ಕಾಗಿ ಕಚೇರಿಯಿಂದ ಕಚೇರಿಗೆ ಅಲೆಯುವ ನಮ್ಮ ಮಲೆನಾಡಿನ ರೈತರು ಈ ವ್ಯವಸ್ಥೆಯನ್ನು ಕಂಡು ಹೊಟ್ಟೆಕಿಚ್ಚು ಪಟ್ಟರೆ ತಪ್ಪಿಲ್ಲ.

ಈಗ ಆ ಸಮತೋಲ ಅಲುಗಾಡುತ್ತಿದೆ. ಕುಂಜುಮ್ ಕಣಿವೆದಾರಿ ಹಿಮದಲ್ಲಿ ಮುಚ್ಚಿದರೂ ಕಿನ್ನೌರ್ ಕಡೆಯಿಂದ ಚಳಿಗಾಲದಲ್ಲೇ ಪ್ರವಾಸಿಗರು ಬರುತ್ತಾರೆ, ಉದ್ದ ಲೆನ್ಸ್ ಹೊತ್ತುಕೊಂಡು. ಹೋಮ್‌ಸ್ಟೇ ನಡೆಸುವವರ, ಚಿರತೆ ಹುಡುಕಿ ತೋರಿಸುವ ಹುಡುಗರ ಕೈಯಲ್ಲಿ ಕಾಸು ಓಡಾಡುತ್ತದೆ. ಅದಕ್ಕೆ ನನ್ನ ತಕರಾರಿಲ್ಲ. ತಕರಾರು ಇಷ್ಟೇ: ಚಿರತೆಯಿಂದ ಲಾಭ ಪಡೆಯುವ ಮನೆಯೂ ಯಾಕ್ ಕಳೆದುಕೊಳ್ಳುವ ಮನೆಯೂ ಯಾವಾಗಲೂ ಒಂದೇ ಅಲ್ಲ. ಮೇಲಾಗಿ, ಎಸೆದ ಊಟ ತಿಂದು ಬೆಳೆಯುವ ಬೀದಿನಾಯಿಗಳ ಹಿಂಡು ಗುಡ್ಡವೇರಿ ಆಡು, ಕುರಿಗಳನ್ನು ಕೊಲ್ಲುತ್ತದೆ. ಮೇಲಿನ ಸ್ಪಿತಿಯಲ್ಲಿ ನಡೆದ ಅಧ್ಯಯನವೊಂದರಲ್ಲಿ ಚಿರತೆ, ತೋಳಗಳಿಗಿಂತ ನಾಯಿಗಳೇ ಹೆಚ್ಚು ಜಾನುವಾರು ಕೊಂದಿದ್ದು ಕಂಡುಬಂತು.

ಆದ್ದರಿಂದ ಸರ್ಕಾರ ಚಿರತೆ ಎಣಿಸಿ ಬೆನ್ನು ತಟ್ಟಿಕೊಂಡರೆ ಸಾಲದು. ಚಿರತೆ ನೋಡಲು ಬರುವ ಪ್ರತಿ ತಂಡದಿಂದ ಶುಲ್ಕ ಪಡೆದು ಅದನ್ನು ಊರಿನ ವಿಮಾ ನಿಧಿಗೇ ಹಾಕಬೇಕು, ಶಿಮ್ಲಾದ ಖಜಾನೆಗಲ್ಲ. ಕಸದ ವಿಲೇವಾರಿ, ನಾಯಿಗಳ ಸಂತಾನಹರಣ ಚಿಕಿತ್ಸೆಗೂ ಅದರಲ್ಲೇ ಪಾಲಿಡಬಹುದು. ದರ ಎಷ್ಟು, ಪಾಲು ಯಾರಿಗೆ ಎಂಬುದನ್ನು ಕಿಬ್ಬರ್‌ನವರೇ ಗೊತ್ತುಮಾಡಲಿ. ಯಾಕ್‌ಗೆ ಬೆಲೆ ಕಟ್ಟುವ ಅಭ್ಯಾಸ ಅವರಿಗೆ ಎರಡು ದಶಕಗಳಿಂದ ಇದೆ.