ಹೆತ್ತವರ ಅರ್ಜಿಯೂ ಮಗಳ ಮಾತೂ

ಊರಿನಿಂದ ಫೋನು ಬರುತ್ತದೆ: “ಮಗಳು ಮನೆ ಬಿಟ್ಟು ಹೋದಳು. ಹೇಬಿಯಸ್ ಕಾರ್ಪಸ್ ಹಾಕಿದರೆ ಪೊಲೀಸರು ಎಳೆದು ತರುತ್ತಾರಂತೆ. ಹಣ ಕಳಿಸಿ.” ಒಲೆಯ ಮುಂದೆ, ಮಗ್ಗದ ಮುಂದೆ ಬೆವರು ಸುರಿಸಿ ಕೂಡಿಟ್ಟ ಹಣವನ್ನು ವಕೀಲರ ಕೈಗಿಡುವ ಮೊದಲು ನಮ್ಮ ಬಾಂಧವರು ಒಂದು ಗಳಿಗೆ ತಾಳಬೇಕೆಂದು ನಮ್ಮ ಕೋರಿಕೆ.

ಯಾರನ್ನಾದರೂ ಅಕ್ರಮವಾಗಿ ಕೂಡಿಹಾಕಿದ್ದರೆ ಅವರನ್ನು ತನ್ನೆದುರು ತಂದು ನಿಲ್ಲಿಸೆಂದು ನ್ಯಾಯಾಲಯ ಕೊಡುವ ಆಜ್ಞೆಯೇ ಹೇಬಿಯಸ್ ಕಾರ್ಪಸ್. ಹೈಕೋರ್ಟಿಗೆ ಈ ಅಧಿಕಾರ ಸಂವಿಧಾನದ 226ನೇ ವಿಧಿಯಿಂದ ಬಂದಿದೆ, ಸುಪ್ರೀಂ ಕೋರ್ಟಿಗೆ 32ನೆಯದರಿಂದ. ಕೂಡಿಹಾಕಿದವನು ಪೊಲೀಸನಾಗಲಿ, ಸಾಹುಕಾರನಾಗಲಿ, ಹೆತ್ತ ತಂದೆಯೇ ಆಗಲಿ, ಬಾಗಿಲು ತೆರೆಯಲೇಬೇಕು. ಹದಿನೆಂಟು ತುಂಬಿದವಳನ್ನು ನ್ಯಾಯಾಧೀಶರು ಕೇಳಬೇಕಾದುದು ಇಷ್ಟೇ: ನಿನ್ನ ಇಚ್ಛೆಯಿಂದ ಇದ್ದೀಯಾ? ಎಲ್ಲಿಗೆ ಹೋಗುತ್ತೀ?

ಇಷ್ಟು ಸರಳ ಸಂಗತಿಯೂ ತಲೆಕೆಳಗಾದುದನ್ನು ಕೇರಳದಲ್ಲಿ ಕಂಡೆವು. ಫೋರ್ಟ್ ಕೊಚ್ಚಿಯಲ್ಲಿ ಬೋಟು ಹತ್ತಿ ಹಿನ್ನೀರು ದಾಟಿದರೆ ಎರ್ನಾಕುಲಂ. ಕೇರಳ ಹೈಕೋರ್ಟು ಇರುವುದು ಅಲ್ಲಿ. ವೈಕಂ ಕಡೆಯ ತಂದೆಯೊಬ್ಬರು 2016ರಲ್ಲಿ ಅಲ್ಲಿ ಇಂಥ ಅರ್ಜಿ ಹಾಕಿದರು. ಸೇಲಂನಲ್ಲಿ ಹೋಮಿಯೋಪಥಿ ಓದುತ್ತಿದ್ದ ಮಗಳು ಮತ ಬದಲಿಸಿ ಹಾದಿಯಾ ಆಗಿದ್ದಳು. ತನ್ನನ್ನು ಯಾರೂ ಕೂಡಿಹಾಕಿಲ್ಲವೆಂದಳು; ಅರ್ಜಿ ಬಿದ್ದುಹೋಯಿತು. ಹೊರದೇಶಕ್ಕೆ ಸಾಗಿಸಿಬಿಡುತ್ತಾರೆಂಬ ಭಯದಿಂದ ತಂದೆ ಎರಡನೆಯದನ್ನು ಹಾಕಿದರು. ಅದರ ವಿಚಾರಣೆ ನಡೆದಿರುವಾಗಲೇ ಆಕೆ ಮದುವೆಯಾದಳು. 2017ರ ಮೇ 24ರಂದು ಹೈಕೋರ್ಟು ಆ ಮದುವೆಯನ್ನೇ ರದ್ದುಮಾಡಿ, 24 ವರ್ಷದ ಹೆಣ್ಣನ್ನು ತಂದೆಯ ವಶಕ್ಕೆ ಕೊಟ್ಟಿತು. ಪೊಲೀಸ್ ಕಾವಲಿನಲ್ಲಿ ಆರು ತಿಂಗಳು! ಸೆರೆ ಬಿಡಿಸಬೇಕಾದ ಅರ್ಜಿಯಿಂದಲೇ ಸೆರೆ. ನವೆಂಬರ್ 27ರಂದು ಸುಪ್ರೀಂ ಕೋರ್ಟು ಆಕೆಯ ಮಾತನ್ನು ತಾನೇ ಕೇಳಿ ಕಾಲೇಜಿಗೆ ಕಳಿಸಿತು. 2018ರ ಮಾರ್ಚ್ 8ರಂದು ಹೈಕೋರ್ಟಿನ ತೀರ್ಪನ್ನು ರದ್ದುಮಾಡಿತು. ಅಪರಾಧವೇನಾದರೂ ನಡೆದಿದ್ದರೆ ಅದರ ತನಿಖೆ ಬೇರೆ ನಡೆಯಲಿ ಎಂದಿತು. ತನಿಖೆಗೂ ಮಗಳ ವಾಸಕ್ಕೂ ಗಂಟುಹಾಕದ ಈ ಮಾತು ನಮಗೆ ಬಹಳ ಮುಖ್ಯವೆನಿಸುತ್ತದೆ.

ಮರುತಿಂಗಳೇ ಕೇರಳದ್ದೇ ಇನ್ನೊಂದು. ಹುಡುಗನಿಗೆ ಇಪ್ಪತ್ತೊಂದು ತುಂಬಿರಲಿಲ್ಲವೆಂದು ಹುಡುಗಿಯನ್ನು ತಂದೆಗೆ ಒಪ್ಪಿಸಲಾಗಿತ್ತು. ಇಬ್ಬರೂ ಪ್ರಾಯಕ್ಕೆ ಬಂದವರು, ಯಾರೊಡನೆ ಇರಬೇಕೆಂಬುದು ಅವಳ ಇಷ್ಟ ಎಂದಿತು ಸುಪ್ರೀಂ ಕೋರ್ಟು. ನಮ್ಮ ಕರ್ನಾಟಕ ಹೈಕೋರ್ಟೂ 2020ರ ನವೆಂಬರಿನಲ್ಲಿ ಇಂಥದೇ ಅರ್ಜಿಯೊಂದರಲ್ಲಿ ಹೆಣ್ಣಿನ ಮಾತನ್ನೇ ಎತ್ತಿಹಿಡಿಯಿತು.

ಹೆತ್ತ ಕರುಳಿನ ಸಂಕಟವನ್ನು ನಾವು ಹಗುರವಾಗಿ ಕಾಣುವವರಲ್ಲ. ಮಗಳು ಓದಲೆಂದೇ ಪರಊರಿನಲ್ಲಿ ತಟ್ಟೆ ಲೋಟ ತೊಳೆದವರು ನಾವು. ಆದರೆ ನಮ್ಮಲ್ಲೇ ಅನೇಕರು ಮೀಸೆ ಮೂಡುವ ಮೊದಲೇ ಮನೆಯಲ್ಲಿ ಹೇಳದೆ ಕೇಳದೆ ಬಸ್ಸು ಹತ್ತಿ ಬಂದವರಲ್ಲವೇ? ಆಗ ನಮ್ಮನ್ನು ಯಾವ ಕೋರ್ಟೂ ಕರೆಸಲಿಲ್ಲ. ಗಂಡುಹುಡುಗ, ದುಡಿದು ಕಳಿಸುತ್ತಾನೆಂದು ಊರು ಸುಮ್ಮನಾಯಿತು.

ನಿಜವಾಗಿ ಯಾರೋ ಕೂಡಿಹಾಕಿದ್ದಾರೆಂದು ಕಂಡರೆ ಅರ್ಜಿ ಹಾಕಲೇಬೇಕು. ಮನೆಯವರೇ ಬಾಗಿಲಿಗೆ ಬೀಗ ಹಾಕಿದ್ದರೆ ಗಂಡನೋ ಗೆಳತಿಯೋ ಹಾಕಬಹುದು. 1987ರ ಕಾನೂನಿನಂತೆ ಹೆಂಗಸರಿಗೂ ಕೈಗಾರಿಕಾ ಕಾರ್ಮಿಕರಿಗೂ ಕಡಿಮೆ ಆದಾಯದವರಿಗೂ ಕಾನೂನು ಸೇವಾ ಪ್ರಾಧಿಕಾರದಲ್ಲಿ ವಕೀಲರು ಉಚಿತವಾಗಿ ಸಿಗುತ್ತಾರೆ. ಮಗಳು ಇರುವ ಜಾಗ ಗೊತ್ತಿದ್ದರೆ, ಮೊದಲು ಅವಳ ತಾಯಿಯನ್ನು ಕರೆದುಕೊಂಡು ಹೋಗಿ ಮಾತಾಡಿಸಿ ಬನ್ನಿ. ವಕೀಲರಿಗೆ ಹಣ ಆಮೇಲೆ ಕಳಿಸಬಹುದು.